ತಣ್ಣೀರ್‌ಮುಕ್ಕದ ಬಾಗಿಲುಗಳು: ವೇಂಬನಾಡಿನ ಉಪ್ಪುನೀರು ಯಾರಿಗೆ ಬೇಕು, ಯಾರಿಗೆ ಬೇಡ?

ವರ್ಷಂಪ್ರತಿ ದಶಂಬರ ತಿಂಗಳು ಬಂತೆಂದರೆ ಮಲಯಾಳ ಪತ್ರಿಕೆಗಳಲ್ಲಿ ಒಂದು ಸುದ್ದಿ ತಪ್ಪದೆ ಕಾಣಿಸಿಕೊಳ್ಳುತ್ತದೆ. ತಣ್ಣೀರ್‌ಮುಕ್ಕಂ ತಡೆಅಣೆಯ ಬಾಗಿಲುಗಳನ್ನು ಇಳಿಸಲಾಯಿತು ಎಂಬುದೇ ಆ ಸುದ್ದಿ. ಮಾರ್ಚ್ ತಿಂಗಳು ನಡು ದಾಟಿದೊಡನೆ ಇನ್ನೊಂದು ಸುದ್ದಿ ಬರುತ್ತದೆ. ಬಾಗಿಲು ಕೂಡಲೇ ಏರಿಸಿರೆಂದು ಮೀನುಗಾರರು ಧರಣಿ ಕೂರುತ್ತಾರೆ. ಕೊಯ್ಲು ಮುಗಿದಿಲ್ಲ, ಏರಿಸಬೇಡಿರೆಂದು ಭತ್ತದ ಕೃಷಿಕರು ಮನವಿ ಕೊಡುತ್ತಾರೆ. ನಡುವೆ ಜಿಲ್ಲಾಧಿಕಾರಿಗಳ ಸಭೆ, ಶಾಸಕರ ಹೇಳಿಕೆ. ಜೂನ್‌ನಲ್ಲಿ ಮಳೆ ಬಂದು ಎಲ್ಲವೂ ಮರೆತುಹೋಗುತ್ತದೆ. ನಮ್ಮ ಜಿಲ್ಲೆಯ ಕನ್ನಡ ವಾಚಕರು ಇದನ್ನು ದೂರದ ಆಲಪ್ಪುಳದ ಸಮಾಚಾರವೆಂದು ಪುಟ ತಿರುವಿಬಿಡುವುದು ಸಹಜವೇ. ಆದರೆ ಈ ಬಾಗಿಲುಗಳ ಕತೆಯಲ್ಲಿ ಕೇರಳ ರಾಜ್ಯದ ನೂರೈವತ್ತು ವರ್ಷಗಳ ಕೃಷಿ, ಕೈಗಾರಿಕೆ, ಚಳವಳಿ, ಯೋಜನೆ ಎಲ್ಲವೂ ಅಡಕವಾಗಿವೆ. ನಾವೂ ಇದೇ ರಾಜ್ಯದ ತೆರಿಗೆದಾರರು, ಇದೇ ಕರಾವಳಿಯ ಜನ. ಸ್ವಲ್ಪ ನಿಂತು ನೋಡುವುದರಲ್ಲಿ ನಷ್ಟವಿಲ್ಲ.

ನಮ್ಮ ಶಾಲೆಯ ಸಮಾಜ ಪಾಠದಲ್ಲಿ ಕುಟ್ಟನಾಡು ಎಂದರೆ ‘ಕೇರಳದ ಅನ್ನದ ಬಟ್ಟಲು’, ವೇಂಬನಾಡು ಎಂದರೆ ‘ಹಿನ್ನೀರು’. ಮಕ್ಕಳು ಬಾಯಿಪಾಠ ಮಾಡಿ ಅಂಕ ಗಳಿಸುತ್ತಾರೆ. ‘ಹಿನ್ನೀರು’ ಎಂಬ ಮಾತು ನನಗೆ ಎಂದೂ ಸಮಾಧಾನ ಕೊಟ್ಟದ್ದಿಲ್ಲ. ಅಣೆಕಟ್ಟಿನ ಹಿಂದೆ ನಿಂತ ನೀರಿಗೂ ಕನ್ನಡದಲ್ಲಿ ಅದೇ ಹೆಸರು. ಕಾಯಲು ಅಂಥದ್ದಲ್ಲ. ಅತ್ತ ಹೊಳೆಯೂ ಅಲ್ಲ, ಇತ್ತ ಕಡಲೂ ಅಲ್ಲ. ಭರತಕ್ಕೆ ಉಪ್ಪಾಗಿ ಮಳೆಗಾಲಕ್ಕೆ ಸಿಹಿಯಾಗಿ ದಿನದಿನವೂ ಬದಲಾಗುವ ನೀರು ಅದು. ನೀಲೇಶ್ವರದ ತೆಂಕಣ ಕವ್ವಾಯಿ ಕಾಯಲನ್ನು ಕಂಡವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಈ ಬದಲಾವಣೆಯೇ ಕಾಯಲಿನ ಪ್ರಾಣ. ಅದನ್ನು ತಡೆದು ನಿಲ್ಲಿಸಿದರೆ ಏನಾಗುತ್ತದೆ ಎಂಬುದೇ ಇಲ್ಲಿಯ ಪ್ರಶ್ನೆ.

ವೇಂಬನಾಡು ಭಾರತದ ಅತ್ಯಂತ ಉದ್ದದ ಸರೋವರ. ಆಲಪ್ಪುಳದಿಂದ ಕೊಚ್ಚಿಯ ಬಡಗಣದವರೆಗೆ 96 ಕಿಲೋಮೀಟರಿಗೂ ಮಿಕ್ಕಿ ಚಾಚಿಕೊಂಡಿದೆ. ಆಲಪ್ಪುಳ, ಕೋಟ್ಟಯಂ, ಎರ್ನಾಕುಳಂ ಎಂಬ ಮೂರು ಜಿಲ್ಲೆಗಳಿಗೆ ಅದರ ದಡವಿದೆ. ಕಡಲಿಗೂ ಅದಕ್ಕೂ ನಡುವೆ ಇರುವುದು ಮರಳಿನ ಒಂದು ಸಪೂರ ಪಟ್ಟಿ ಮಾತ್ರ. ಸಾವಿರಾರು ವರ್ಷಗಳ ಹಿಂದೆ ಅಲೆಗಳು ತಂದು ಹಾಕಿದ ಮರಳಿನ ದಿಣ್ಣೆಗಳು ಒಂದಕ್ಕೊಂದು ಸೇರಿ ಕಡಲಿನ ಒಂದು ತುಂಡನ್ನು ಒಳಗೆ ಹಿಡಿದಿಟ್ಟವು. ಮೂಡಣ ಗುಡ್ಡಗಳಿಂದ ಇಳಿದ ಹೊಳೆಗಳು ಮಣ್ಣು ತುಂಬುತ್ತ ಬಂದವು. ಪಂಪಾ, ಮಣಿಮಲ, ಅಚ್ಚನ್‌ಕೋವಿಲ್, ಮೀನಚ್ಚಿಲ್ ಎಂಬ ನಾಲ್ಕು ಹೊಳೆಗಳು ತೆಂಕಣ ಭಾಗಕ್ಕೆ, ಮೂವಾಟ್ಟುಪುಳ ನಡುಭಾಗಕ್ಕೆ, ಪೆರಿಯಾರ್ ಬಡಗಣ ಭಾಗಕ್ಕೆ ಬಂದು ಸೇರುತ್ತವೆ. 1341ರಲ್ಲಿ ಪೆರಿಯಾರಿನಲ್ಲಿ ಬಂದ ಮಹಾಪ್ರವಾಹದಿಂದ ಹಳೆಯ ಮುಜಿರಿಸ್ ಬಂದರು ಹೂತುಹೋಗಿ ಕೊಚ್ಚಿಯ ಅಳಿವೆ ಬಾಯಿ ತೆರೆಯಿತೆಂದು ಇತಿಹಾಸಕಾರರು ಹೇಳುತ್ತಾರೆ. ಎಂದರೆ ಪ್ರಕೃತಿಯೂ ಈ ಕಾಯಲನ್ನು ಒಂದೇ ರೀತಿಯಲ್ಲಿ ಇರಲು ಬಿಟ್ಟದ್ದಿಲ್ಲ.

ತೆಂಕಣ ಭಾಗದ ಕುಟ್ಟನಾಡಿನಲ್ಲಿ ಗದ್ದೆಗಳು ಸಮುದ್ರಮಟ್ಟಕ್ಕಿಂತ ಅರ್ಧ ಮೀಟರಿನಿಂದ ಎರಡು ಮೀಟರಿಗೂ ಹೆಚ್ಚು ತಗ್ಗಿನಲ್ಲಿವೆ. ಹೊಳೆಯಲ್ಲಿ ಹೋಗುವ ದೋಣಿ ಮೇಲೆ, ನೇಜಿ ನೆಟ್ಟ ಗದ್ದೆ ಕೆಳಗೆ. ಇಲ್ಲಿಯ ‘ಕರಿ’ ಎಂಬ ಕಪ್ಪು ಮಣ್ಣನ್ನು ಅಗೆದರೆ ಹಳೆಯ ಕಾಡಿನ ಮರದ ದಿಮ್ಮಿಗಳು ಸಿಗುತ್ತವೆ. ಆದ್ದರಿಂದಲೇ ಮಹಾಭಾರತದ ಖಾಂಡವವನ ಸುಟ್ಟದ್ದು ಇಲ್ಲಿಯೇ, ‘ಚುಟ್ಟ ನಾಡು’ ಕುಟ್ಟನಾಡಾಯಿತು ಎಂಬ ಐತಿಹ್ಯ ಹುಟ್ಟಿಕೊಂಡಿದೆ. ಐತಿಹ್ಯ ಹೇಗೂ ಇರಲಿ, ಆ ಮಣ್ಣಿನಲ್ಲಿ ಆಮ್ಲ ಹೆಚ್ಚು. ವರ್ಷಕ್ಕೊಮ್ಮೆ ಉಪ್ಪುನೀರು ಬಂದು ತೊಳೆದುಕೊಂಡು ಹೋದರೆ ಅದರ ಹುಳಿ ಕಡಿಮೆಯಾಗುತ್ತದೆಂದು ಹಳೆಯ ರೈತರಿಗೆ ಗೊತ್ತಿತ್ತು. ನಮ್ಮಲ್ಲಿ ಏಣೇಲು, ಸುಗ್ಗಿ, ಕೊಳಕೆ ಎಂದು ಮೂರು ಬೆಳೆ ಇದ್ದ ಹಾಗೆ ಅವರಿಗೆ ಇದ್ದುದು ಮುಖ್ಯವಾಗಿ ‘ಪುಂಜ’ ಎಂಬ ಒಂದೇ ಬೆಳೆ. ಮಳೆಗಾಲ ಮುಗಿದ ಮೇಲೆ ಒಡ್ಡು ಕಟ್ಟಿ, ಚಕ್ರ ತುಳಿದು ನೀರು ಹೊರಹಾಕಿ ಬಿತ್ತುವುದು. ಉಪ್ಪು ಏರುವ ಮೊದಲು ಕೊಯ್ಯುವುದು. ಉಳಿದ ಕಾಲದಲ್ಲಿ ಗದ್ದೆ ನೀರಿಗೆ, ನೀರು ಮೀನಿಗೆ.

ಆ ನೀರಿನ ಬಾಳನ್ನೂ ಒಂದಿಷ್ಟು ಹೇಳಬೇಕು. ಅಲ್ಲಿಯವರು ‘ಕೊಂಚ್’ ಎನ್ನುವ, ಉದ್ದನೆಯ ನೀಲಿ ಕಾಲಿನ ದೊಡ್ಡ ಸಿಗಡಿ ಬೆಳೆಯುವುದು ಸಿಹಿನೀರಿನಲ್ಲಿ. ಆದರೆ ಮೊಟ್ಟೆ ಹೊತ್ತ ಹೆಣ್ಣು ಸಿಗಡಿ ಉಪ್ಪುನೀರನ್ನು ಹುಡುಕಿಕೊಂಡು ಕೆಳಗೆ ಬರಬೇಕು. ಮರಿಗಳು ಮೊದಲ ಕೆಲವು ವಾರ ಸಪ್ಪೆ-ಉಪ್ಪು ಬೆರೆತ ನೀರಿನಲ್ಲೇ ಬದುಕಬಲ್ಲವು. ಆಮೇಲೆ ಅವು ಮೇಲೇರಿ ಹೊಳೆ ಸೇರುತ್ತವೆ. ಈ ಹೋಗಿಬರುವ ದಾರಿ ಕಡಿದರೆ ಸಂತಾನವೇ ನಿಲ್ಲುತ್ತದೆ. ನಮ್ಮವರು ಮರುವಾಯಿ ಎನ್ನುವ ಚಿಪ್ಪಿನ ಜಾತಿಯಲ್ಲಿ ಕಪ್ಪು ಬಣ್ಣದ್ದು ವೇಂಬನಾಡಿನಲ್ಲಿ ಹೇರಳ. ಅದಕ್ಕೂ ಮರಿಯಾಗಲು ನೀರಿನ ಉಪ್ಪು ಏರಿಳಿಯಬೇಕು. ಮುಹಮ್ಮದಂತಹ ಊರುಗಳಲ್ಲಿ ಗಂಡಸರು ಸಣ್ಣ ದೋಣಿಯಲ್ಲಿ ಹೋಗಿ ಮುಳುಗಿ ಅದನ್ನು ಬಾಚಿ ತರುತ್ತಾರೆ. ಹೆಂಗಸರು ಬೇಯಿಸಿ ಮಾಂಸ ಬಿಡಿಸಿ ಮಾರುತ್ತಾರೆ. ಚಿಪ್ಪು ಸುಣ್ಣದ ಗೂಡಿಗೆ ಹೋಗುತ್ತದೆ. ಎಲೆಯಡಿಕೆಗೆ ಹಚ್ಚುವ ಸುಣ್ಣ, ಅಡಿಕೆಗೆ ಮದ್ದು ಬಿಡುವಾಗ ಮೈಲುತುತ್ತಿಗೆ ಬೆರೆಸುವ ಸುಣ್ಣ ಎಂದರೆ ನಮ್ಮ ತೋಟದವರಿಗೆ ಅದರ ಬೆಲೆ ಗೊತ್ತು.

ಈ ಚಿಪ್ಪಿನ ಮೇಲೆಯೇ ಒಂದು ಕಾರ್ಖಾನೆ ಎದ್ದಿತು. ಕಾಯಲಿನ ತಳದಲ್ಲಿ ಯುಗಯುಗಗಳಿಂದ ರಾಶಿಬಿದ್ದ ಬಿಳಿ ಚಿಪ್ಪನ್ನು ಯಂತ್ರದಿಂದ ಎತ್ತಿ ಸಿಮೆಂಟು ಮಾಡುವ ಉದ್ದೇಶದಿಂದ 1946ರಲ್ಲಿ ಕೋಟ್ಟಯದ ಸಮೀಪ ನಾಟ್ಟಗಂನಲ್ಲಿ ಟ್ರಾವಂಕೂರ್ ಸಿಮೆಂಟ್ಸ್ ಸ್ಥಾಪನೆಯಾಯಿತು. ಅದರ ಬಿಳಿ ಸಿಮೆಂಟಿಗೆ ಕಾಯಲಿನದೇ ಹೆಸರು, ‘ವೇಂಬನಾಡ್’. ಬೇರೆಡೆ ಸಿಮೆಂಟಿಗೆ ಗುಡ್ಡ ಒಡೆಯುತ್ತಾರೆ. ಇಲ್ಲಿ ನೀರಿನ ತಳವನ್ನೇ ಬಗೆದರು. ಕೈಯಿಂದ ಬಾಚುವವನೂ ಯಂತ್ರದಿಂದ ಬಗೆಯುವವನೂ ಒಂದೇ ಕಾಯಲಿಗೆ ಇಳಿದರು. ಯಾರ ಪಾಲು ಎಷ್ಟಾಯಿತೆಂದು ಊಹಿಸುವುದು ಕಷ್ಟವಲ್ಲ.

ಆದರೆ ಕಾಯಲ ದಡದ ನಿಜವಾದ ಕೈಗಾರಿಕೆ ಕತ್ತ, ಅಂದರೆ ತೆಂಗಿನ ನಾರು. 18ನೆಯ ಶತಮಾನದಲ್ಲಿ ತಿರುವಾಂಕೂರಿನ ದಿವಾನ ರಾಜಾ ಕೇಶವದಾಸನ ಆಡಳಿತದಲ್ಲಿ ಆಲಪ್ಪುಳ ಬಂದರು ಏಳಿಗೆಗೆ ಬಂತು. ತೋಡುಗಳನ್ನು ತೋಡಿ ಕಾಯಲಿಗೂ ಕಡಲಿಗೂ ಸಂಬಂಧ ಬೆಸೆದರು. 1859ರಲ್ಲಿ ಐರಿಶ್ ಮೂಲದ ಅಮೆರಿಕನ್ ಜೇಮ್ಸ್ ಡಾರಾ ಅಲ್ಲಿ ಮೊದಲ ಕತ್ತದ ಕಾರ್ಖಾನೆ ತೆರೆದ. ಯುರೋಪು, ಅಮೆರಿಕಗಳ ಮನೆಬಾಗಿಲಿಗೆ ಹಾಸುವ ಚಾಪೆ ಆಲಪ್ಪುಳದಿಂದ ಹೋಗತೊಡಗಿತು. ಚಾಪೆಯ ಹಿಂದಿನ ಕೆಲಸ ಮಾತ್ರ ಕಾಯಲಿನದು ಮತ್ತು ಹೆಂಗಸರದು. ಹಸಿ ತೆಂಗಿನಸಿಪ್ಪೆಯನ್ನು ಬಲೆಯಲ್ಲಿ ಕಟ್ಟಿ ಉಪ್ಪು-ಸಪ್ಪೆ ನೀರಿನಲ್ಲಿ ಆರರಿಂದ ಹತ್ತು ತಿಂಗಳು ಮುಳುಗಿಸಿಡಬೇಕು. ನೀರಿನ ಸೂಕ್ಷ್ಮಜೀವಿಗಳು ನಾರನ್ನು ಹಿಡಿದಿಟ್ಟ ಅಂಟನ್ನು ತಿಂದು ಬಿಡಿಸುತ್ತವೆ. ಕೊಳೆತ ಮೊಟ್ಟೆಯ ವಾಸನೆಯ ಆ ನೀರಿನಲ್ಲಿ ಸೊಂಟದವರೆಗೆ ನಿಂತು ಸಿಪ್ಪೆ ಎತ್ತಿ, ಕೋಲಿನಿಂದ ಬಡಿದು ನಾರು ತೆಗೆದವರು ಹೆಣ್ಣುಮಕ್ಕಳು. ಹೊಂಬಣ್ಣದ ಆ ನಾರಿಗೆ ಜಗತ್ತಿನಲ್ಲಿ ಹೆಸರು ಬಂತು. ಬಡಿದವರ ಕೈಯ ಗೆರೆ ಸವೆಯಿತು. ಕೊಳೆಹಾಕಿದ ಜಾಗದಲ್ಲಿ ನೀರಿನ ಪ್ರಾಣವಾಯು ಕುಗ್ಗಿ ಮೀನೂ ನಿಲ್ಲದು ಎಂಬುದನ್ನೂ ಹೇಳದಿದ್ದರೆ ಅನ್ಯಾಯವಾಗುತ್ತದೆ. ಹಳೆಯ ಉದ್ಯೋಗವೆಂದ ಮಾತ್ರಕ್ಕೆ ಎಲ್ಲವೂ ಪುಣ್ಯವಲ್ಲ.

ಇಷ್ಟೊಂದು ಜನ ಒಂದೇ ಪೇಟೆಯಲ್ಲಿ ಕೂಲಿಗೆ ಕೂಡಿದಲ್ಲಿ ಸಂಘಟನೆಯೂ ಹುಟ್ಟದಿರದು. 1922ರಲ್ಲಿ ವಾಡಪ್ಪುರಂ ಬಾವಾ ಅವರ ಮುಂದಾಳುತನದಲ್ಲಿ ತಿರುವಾಂಕೂರು ಲೇಬರ್ ಅಸೋಸಿಯೇಶನ್ ಸ್ಥಾಪನೆಯಾಯಿತು. 1938ರಲ್ಲಿ ಮಹಾಮುಷ್ಕರ ನಡೆಯಿತು. 1946ರ ಅಕ್ಟೋಬರಿನಲ್ಲಿ ದಿವಾನ ಸರ್ ಸಿ. ಪಿ. ರಾಮಸ್ವಾಮಿ ಅಯ್ಯರರ ಆಡಳಿತದ ವಿರುದ್ಧ ಪುನ್ನಪ್ರ, ವಯಲಾರುಗಳಲ್ಲಿ ಬಿದ್ದ ಹೆಣಗಳಲ್ಲಿ ಕತ್ತದ ಕಾರ್ಮಿಕರು, ಕಳ್ಳು ಇಳಿಸುವವರು, ಗದ್ದೆಯ ಆಳುಗಳು ಎಲ್ಲರೂ ಇದ್ದರು. ಕೇರಳದ ರಾಜಕೀಯದ ಬಣ್ಣ ಕಾಯಲ ದಡದಲ್ಲಿ ಕಲಸಿದ್ದು ಎಂದರೆ ತಪ್ಪಾಗಲಾರದು. ಆಮೇಲಿನದು ಇಳಿಗಾಲ. ರಾಬರ್ಟ್ ಬ್ರಿಸ್ಟೋ ಎಂಬ ಇಂಜಿನಿಯರರು 1920ರ ದಶಕದಲ್ಲಿ ಕೊಚ್ಚಿಯ ಅಳಿವೆಯ ಮರಳುದಿಣ್ಣೆ ಕಡಿದು, ತೆಗೆದ ಹೂಳಿನಿಂದ ಕಾಯಲಿನಲ್ಲೇ ವಿಲಿಂಗ್ಡನ್ ದ್ವೀಪ ನಿರ್ಮಿಸಿದರು. ಹಡಗುಗಳೆಲ್ಲ ಅತ್ತ ತಿರುಗಿದವು. ಆಲಪ್ಪುಳಕ್ಕೆ ಕೊನೆಯ ಹಡಗು ಬಂದದ್ದು 1989ರಲ್ಲಿ. ಯಂತ್ರದಿಂದ ನಾರು ತೆಗೆಯುವ ಕೆಲಸ ತಮಿಳುನಾಡಿನ ಪೊಳ್ಳಾಚಿಯ ಕಡೆಗೆ ಹೋಯಿತು. ಇಂದು ಆಲಪ್ಪುಳದಲ್ಲಿ ನೇಯುವ ಚಾಪೆಗೂ ಬಹುಪಾಲು ನಾರು ಬರುವುದು ಅಲ್ಲಿಂದಲೇ.

ಇನ್ನು ಭತ್ತದ ವಿಷಯ. 19ನೆಯ ಶತಮಾನದ ಕೊನೆಯಿಂದ ಕಾಯಲಿನ ತಳದ ಕೆಸರನ್ನೇ ಎತ್ತಿ ಒಡ್ಡು ಕಟ್ಟಿ, ನೀರು ಬತ್ತಿಸಿ ಗದ್ದೆ ಮಾಡುವ ಸಾಹಸ ಆರಂಭವಾಯಿತು. ತಿರುವಾಂಕೂರು ಸರಕಾರ ಒಮ್ಮೆ ಇದನ್ನು ನಿಷೇಧಿಸಿ ಮತ್ತೆ ಅನುಮತಿಸಿತು. ಇವರಲ್ಲಿ ಪ್ರಖ್ಯಾತರಾದವರು ‘ಕಾಯಲ್ ರಾಜ’ ಎನಿಸಿದ ಮುರಿಕ್ಕನ್ ಜೋಸೆಫ್. 1940ರ ದಶಕದ ಅನ್ನದ ಬರದಲ್ಲಿ ಅವರು ಚಿತ್ತಿರ, ರಾಣಿ, ಮಾರ್ತಾಂಡಂ ಎಂಬ ಮೂರು ಕಾಯಲು ಗದ್ದೆಗಳನ್ನು ಎಬ್ಬಿಸಿದರು. ರಾಜಮನೆತನವನ್ನು ನೆನೆಯುವ ಆ ಹೆಸರುಗಳು ಇಂದಿಗೂ ಉಳಿದಿವೆ. ಕೆಸರಿನ ಹೆಂಟೆ ಎತ್ತಲು ನೀರಿಗೆ ಮುಳುಗಿದ ಪುಲಯ, ಪರಯ ಆಳುಗಳ ಹೆಸರು ಯಾವ ಗದ್ದೆಗೂ ಇಲ್ಲ. ಭೂಸುಧಾರಣೆ ಬಂದ ಮೇಲೆ 1970ರ ದಶಕದಲ್ಲಿ ಈ ಗದ್ದೆಗಳು ಸರಕಾರದ ಕೈ ಸೇರಿ ಬಡವರಿಗೆ ಹಂಚಿಹೋದವು. ತುಂಡು ಭೂಮಿ ಸಿಕ್ಕಿತು. ಆದರೆ ಸಾವಿರಾರು ಎಕ್ರೆಯ ಒಡ್ಡು ಕಾಯುವ, ಒಟ್ಟಾಗಿ ನೀರು ಹೊರಹಾಕುವ ಏರ್ಪಾಟು ಅದರೊಂದಿಗೆ ಬರಲಿಲ್ಲ. ಹಲವು ವರ್ಷ ಅವು ಬೀಳುಬಿದ್ದವು. ಭೂಮಿ ಹಂಚುವುದು ಅರ್ಧ ಕೆಲಸ ಎಂಬುದು ನಮ್ಮ ಜಿಲ್ಲೆಯಲ್ಲೂ ಬಲ್ಲವರಿಗೆ ಗೊತ್ತು.

ಸ್ವಾತಂತ್ರ್ಯಾನಂತರ ಯೋಜನೆಗಳ ಕಾಲ ಬಂತು. ನೆರೆನೀರನ್ನು ನೇರವಾಗಿ ಕಡಲಿಗೆ ಬಿಡಲು ತೋಟ್ಟಪ್ಪಳ್ಳಿಯಲ್ಲಿ 1955ರಲ್ಲಿ 40 ಬಾಗಿಲುಗಳ ಹೊರಹರಿವಿನ ಕಟ್ಟೆ ಸಿದ್ಧವಾಯಿತು. ಲೆಕ್ಕ ಹಾಕಿದ ನೀರಿನ ಮೂರನೇ ಒಂದು ಪಾಲಿನಷ್ಟು ಮಾತ್ರ ಅದರಿಂದ ಹೋಗುತ್ತದೆಂದು ಆಮೇಲೆ ತಿಳಿಯಿತು. ಅದಕ್ಕೆ ನೀರು ತರುವ ಕಾಲುವೆಯೇ ಸಪೂರ, ಅಳಿವೆಯಲ್ಲಿ ಮರಳು. 2018ರ ನೆರೆಯಲ್ಲಿ ಕುಟ್ಟನಾಡಿನ ಜನರನ್ನು ಬೋಟುಗಳಲ್ಲಿ ಸಾಗಿಸಬೇಕಾಗಿ ಬಂದಾಗ ಈ ಹಳೆಯ ಲೆಕ್ಕ ಎಲ್ಲರಿಗೂ ನೆನಪಾಯಿತು.

ಎರಡನೆಯ ಯೋಜನೆಯೇ ತಣ್ಣೀರ್‌ಮುಕ್ಕಂ. ಬೇಸಿಗೆಯಲ್ಲಿ ಚಂದ್ರಗಿರಿಯಲ್ಲಿ ಭರತದ ನೀರು ಏರಿ ಕಾಸರಗೋಡು ಪೇಟೆಯ ನಳ್ಳಿಯಲ್ಲಿ ಉಪ್ಪುನೀರು ಬಂದ ಕಾಲವನ್ನು ನಮ್ಮವರು ಮರೆತಿರಲಾರರು. ಅದಕ್ಕಾಗಿ ಬಾವಿಕ್ಕೆರೆಯಲ್ಲಿ ತಡೆಅಣೆ ಕಟ್ಟಿದ್ದಾಯಿತು. ಅಲ್ಲಿಯದೂ ಅದೇ ಯುಕ್ತಿ, ಗಾತ್ರ ಮಾತ್ರ ಬಹಳ ದೊಡ್ಡದು. ಕಾಯಲು ಸಪೂರವಾಗಿರುವ ಕಡೆ, ತಣ್ಣೀರ್‌ಮುಕ್ಕಕ್ಕೂ ಎದುರು ದಡದ ವೆಚ್ಚೂರಿಗೂ ನಡುವೆ ಸುಮಾರು ಒಂದೂಕಾಲು ಕಿಲೋಮೀಟರು ಉದ್ದಕ್ಕೆ ಕಟ್ಟಿ, ಉಪ್ಪನ್ನು ಬಡಗಣದಲ್ಲೇ ತಡೆದು, ತೆಂಕಣದಲ್ಲಿ ಇನ್ನೊಂದು ಬೆಳೆ ತೆಗೆಯುವ ಯೋಚನೆ. 1950ರ ದಶಕದ ಕೊನೆಯಲ್ಲಿ ಕೆಲಸಕ್ಕೆ ಕೈಹಾಕಿ, ಬಳಕೆಗೆ ಬಂದದ್ದು 1976ರಲ್ಲಿ. ಅದೂ ಅರ್ಧಂಬರ್ಧ. ಎರಡು ಬದಿಗೆ ಬಾಗಿಲುಗಳು ಬಂದವು. ನಡುವಿನ ಮೂರನೇ ಭಾಗಕ್ಕೆ ಬಾಗಿಲಿಲ್ಲದೆ ಮಣ್ಣಿನ ಒಡ್ಡು ಹಾಕಿ ಮುಚ್ಚಿದರು. ತಾತ್ಕಾಲಿಕವೆಂದು ಹಾಕಿದ ಆ ಒಡ್ಡು ನಾಲ್ಕು ದಶಕಕ್ಕೂ ಹೆಚ್ಚು ಕಾಲ ಅಲ್ಲೇ ಇತ್ತು! ಅಲ್ಲಿಯೂ ಬಾಗಿಲು ಇಟ್ಟು ಮಣ್ಣು ತೆಗೆದದ್ದು ತೀರ ಈಚೆಗೆ.

ಪರಿಣಾಮ ಏನಾಯಿತು? ಎರಡನೆಯ ಬೆಳೆ ನಿರೀಕ್ಷಿಸಿದಷ್ಟು ಹಬ್ಬಲಿಲ್ಲ. ನಾಲ್ಕು ಹೊಳೆಗಳ ನೀರು ಬೇಸಿಗೆಯಲ್ಲಿ ಕೆರೆಯಂತೆ ನಿಂತಿತು. ಗದ್ದೆಯ ರಸಗೊಬ್ಬರ, ಕೀಟನಾಶಕ, ಪೇಟೆಗಳ ಕೊಳಕು, ಈಗ ಪ್ರವಾಸಿ ಮನೆದೋಣಿಗಳ ಹೊಲಸು ಎಲ್ಲವೂ ಅದರಲ್ಲೇ. ಹಿಂದೆ ಉಪ್ಪು ತಾಗಿದೊಡನೆ ಸಾಯುತ್ತಿದ್ದ ನೀರುಕಳೆ ಈಗ ಬಾಗಿಲಿನ ತೆಂಕಣಕ್ಕೆ ಹಸುರು ಜಮಖಾನೆ ಹಾಸಿ, ದೋಣಿಗೆ ದಾರಿ ಇಲ್ಲದಂತೆ ಮಾಡುತ್ತದೆ. ಕೊಂಚ್ ಸಿಗಡಿಗೆ ಕೆಳಗಿಳಿಯುವ ದಾರಿ ಕಡಿಯಿತು: 1960ರ ದಶಕದಲ್ಲಿ ವರ್ಷಕ್ಕೆ ನೂರಾರು ಟನ್ನು ಸಿಗುತ್ತಿದ್ದುದು 1980ರ ದಶಕ ಮುಗಿಯುವಾಗ ಹತ್ತಾರು ಟನ್ನಿಗೆ ಇಳಿದಿತ್ತು. ಮರುವಾಯಿ ತೆಂಕಣ ಭಾಗದಲ್ಲಿ ಕ್ಷೀಣಿಸಿತು; ಕೊಚ್ಚಿಯ ಕೇಂದ್ರೀಯ ಸಾಗರ ಮೀನುಗಾರಿಕಾ ಸಂಶೋಧನಾ ಸಂಸ್ಥೆಯವರು ಎಳೆಯ ಮರುವಾಯಿಗಳನ್ನು ತಂದು ಮತ್ತೆ ಬಿತ್ತಿ ಬೆಳೆಸಲು ಪ್ರಯತ್ನಿಸುವ ಪರಿಸ್ಥಿತಿ ಬಂತು.

ಕಾಯಲೇ ಕಿರಿದಾಗುತ್ತಿರುವುದು ಇನ್ನೊಂದು ಕಡೆ. 1900ರಲ್ಲಿ ಸುಮಾರು 2,617 ದಶಲಕ್ಷ ಘನ ಮೀಟರು ನೀರು ಹಿಡಿಯುತ್ತಿದ್ದ ವೇಂಬನಾಡು 2020ರಲ್ಲಿ ಹಿಡಿಯಬಲ್ಲದ್ದು ಸುಮಾರು 388 ದಶಲಕ್ಷ ಎಂದು ಕೇರಳ ಮೀನುಗಾರಿಕೆ ಮತ್ತು ಸಾಗರ ಅಧ್ಯಯನ ವಿಶ್ವವಿದ್ಯಾಲಯದ ಅಧ್ಯಯನ ಕಂಡುಕೊಂಡಿದೆ. ನೂರರಲ್ಲಿ ಎಂಬತ್ತೈದು ಪಾಲು ಹೋಯಿತೆಂದು ಅರ್ಥ. ಗದ್ದೆಗೆಂದು, ಬಂದರಿಗೆಂದು, ರಸ್ತೆಗೆಂದು, ಪ್ರವಾಸಿ ಬಂಗಲೆಗೆಂದು ತುಂಬಿದ್ದು ಒಂದು ಭಾಗ. ಹೂಳು ಇನ್ನೊಂದು ಭಾಗ. ವಿಚಿತ್ರವೆಂದರೆ ಇಷ್ಟರ ನಡುವೆಯೇ 2002ರಲ್ಲಿ ಈ ಕಾಯಲು ರಾಮ್ಸರ್ ಒಪ್ಪಂದದ ಅಂತಾರಾಷ್ಟ್ರೀಯ ಪಟ್ಟಿ ಸೇರಿತು. 2013ರಲ್ಲಿ ಸಮುದ್ರಮಟ್ಟದ ಕೆಳಗಿನ ಕುಟ್ಟನಾಡು ಕೃಷಿಗೆ ವಿಶ್ವಸಂಸ್ಥೆಯ ಆಹಾರ ಮತ್ತು ಕೃಷಿ ಸಂಘಟನೆಯ ಪಾರಂಪರಿಕ ಮನ್ನಣೆಯೂ ಸಿಕ್ಕಿತು. ಪಾಣಾವಳ್ಳಿಯ ನೆಡಿಯತುರುತ್ತು ದ್ವೀಪದಲ್ಲಿ ಕರಾವಳಿ ನಿಯಮ ಮೀರಿ ಕಟ್ಟಿದ ಕಾಪಿಕೋ ರಿಸಾರ್ಟನ್ನು ಕೆಡವಬೇಕೆಂದು 2020ರಲ್ಲಿ ಸುಪ್ರೀಂ ಕೋರ್ಟು ತೀರ್ಪಿತ್ತಿತು. ಕೆಡವಲು ಆರಂಭಿಸಿದ್ದು 2022ರ ಸಪ್ಟೆಂಬರಿನಲ್ಲಿ. ಬಲೆ ಹಾಕುವ ಬಡವನ ದೋಣಿಗೆ ದಂಡ ಹಾಕಲು ಅಷ್ಟು ಕಾಲ ಹಿಡಿಯುವುದಿಲ್ಲ.

ಪರಿಹಾರದ ವರದಿಗಳಿಗೆ ಕೊರತೆಯಿಲ್ಲ. ಡಚ್ಚರ ಸಹಕಾರದಿಂದ ನಡೆದ ಕುಟ್ಟನಾಡು ಜಲಸಮತೋಲನ ಅಧ್ಯಯನ 1989ರಲ್ಲಿ ಬಂತು. 2007ರಲ್ಲಿ, ಕುಟ್ಟನಾಡಿನ ಮಂಕೊಂಬು ಮೂಲದವರೇ ಆದ ಎಂ. ಎಸ್. ಸ್ವಾಮಿನಾಥನ್ ಅವರ ಪ್ರತಿಷ್ಠಾನ ವರದಿ ಕೊಟ್ಟಿತು. ಅದರ ಮೇಲೆ ಸುಮಾರು 1,840 ಕೋಟಿ ರೂಪಾಯಿಯ ‘ಕುಟ್ಟನಾಡು ಪ್ಯಾಕೇಜ್’ ರೂಪುಗೊಂಡಿತು. ಒಡ್ಡಿಗೆ ಕಲ್ಲು, ಕಾಂಕ್ರೀಟು ಹಾಕಿದ್ದು ಕಣ್ಣಿಗೆ ಕಾಣುತ್ತದೆ. ನೀರು ಹರಿಯುವ ವಿಷಯ ಅಷ್ಟಾಗಿ ಮುಂದುವರಿದದ್ದು ಕಾಣುವುದಿಲ್ಲ. ಕಲ್ಲಿಗೆ ಟೆಂಡರು ಕರೆಯಬಹುದು, ಭರತ-ಇಳಿತಕ್ಕೆ ಕರೆಯಲಾಗುವುದಿಲ್ಲವಲ್ಲ!

ಈಗ ಮೂಲ ವಿವಾದಕ್ಕೆ ಬರೋಣ. ಇದನ್ನು ರೈತ-ಮೀನುಗಾರರ ಜಗಳವೆಂದು ಬಣ್ಣಿಸುವುದು ಪತ್ರಿಕೆಗಳಿಗೆ ಸುಲಭ, ಆಡಳಿತಕ್ಕೆ ಅನುಕೂಲ. ನನ್ನ ಮಟ್ಟಿಗೆ ಅದು ಪೂರ್ತಿ ಸರಿಯಲ್ಲ. ಬಾಗಿಲು ಇಳಿಸುವುದು ದಶಂಬರ 15ಕ್ಕೆ, ಏರಿಸುವುದು ಮಾರ್ಚ್ 15ಕ್ಕೆ ಎಂಬುದು ಕಾಗದದ ಮೇಲಿನ ಏರ್ಪಾಡು. ಆ ಮೂರು ತಿಂಗಳನ್ನು ಮೀನುಗಾರರೂ ಹಿಂದಿನಿಂದ ಸಹಿಸಿಕೊಂಡು ಬಂದಿದ್ದಾರೆ. ಜಗಳ ಆಮೇಲಿನ ದಿನಗಳದ್ದು. ಮಾರ್ಚ್ 15ಕ್ಕೆ ಏಕೆ ಏರುವುದಿಲ್ಲ? ಕೊಯ್ಲಾಗಿರುವುದಿಲ್ಲ. ಕೊಯ್ಲು ಏಕೆ ತಡ? ಬಿತ್ತನೆ ತಡ. ಬಿತ್ತನೆ ಏಕೆ ತಡ? ಒಡೆದ ಒಡ್ಡು ಸರಿಪಡಿಸಲು ಹಣ ಮಂಜೂರಾಗಿಲ್ಲ, ನೀರು ಹೊರಹಾಕುವ ಪಂಪಿನ ಸಬ್ಸಿಡಿ ಬಾಕಿ, ಬಿತ್ತನೆಬೀಜ ಬಂದಿಲ್ಲ. ಕಳೆದ ಬೆಳೆಯ ಭತ್ತವನ್ನು ಸರಕಾರಿ ನಿಗಮ ಕೊಂಡರೂ ಅದರ ಹಣ ತಿಂಗಳುಗಟ್ಟಲೆ ಕೈಗೆ ಬಂದಿಲ್ಲ. ರೈತ ಕೈಯಲ್ಲಿ ಕಾಸಿಲ್ಲದೆ ಕಾಯುತ್ತಾನೆ. ಒಂದು ಪಾಡಶೇಖರದವರು, ಅಂದರೆ ಒಂದು ಒಡ್ಡಿನೊಳಗಿನ ಗದ್ದೆಯವರು, ನವಂಬರದಲ್ಲಿ ಬಿತ್ತಿದರೆ ಪಕ್ಕದವರು ಜನವರಿಯಲ್ಲಿ ಬಿತ್ತುತ್ತಾರೆ. ಕೊನೆಯವನ ತೆನೆ ಒಣಗುವ ತನಕ ಇಡೀ ಕಾಯಲಿನ ಬಾಗಿಲು ಮುಚ್ಚಿರಬೇಕಾಗುತ್ತದೆ. ಎಲ್ಲೋ ಒಂದು ಕಚೇರಿಯಲ್ಲಿ ಕಡತ ನಿಂತ ಒಂದೊಂದು ವಾರವೂ ಮುಹಮ್ಮದ ಮೀನುಗಾರನ ಮನೆಯಲ್ಲಿ ಒಲೆ ಹೊತ್ತದ ವಾರವಾಗುತ್ತದೆ. ಇದಕ್ಕೆ ರೈತನನ್ನು ದೂರಿ ಪ್ರಯೋಜನವೇನು?

ಆದ್ದರಿಂದ ವಿವಾದ ಎಪ್ರಿಲಿನಲ್ಲಿ ಬಾಗಿಲಿನ ಬಳಿ ಅಲ್ಲ, ಅಕ್ಟೋಬರಿನಲ್ಲಿ ಕೃಷಿ ಇಲಾಖೆಯ ಕಚೇರಿಯಲ್ಲಿ ಬಗೆಹರಿಯಬೇಕಾದದ್ದು. ನೀರು ಬತ್ತಿಸುವ ಹಣ, ಬೀಜ, ಹಳೆಯ ಭತ್ತದ ಬಾಕಿ ಮೂರನ್ನೂ ಮಳೆಗಾಲ ಮುಗಿಯುವ ಮೊದಲೇ ಕೊಟ್ಟು, ಎಲ್ಲ ಪಾಡಶೇಖರಗಳೂ ನವಂಬರದೊಳಗೆ ಬಿತ್ತುವಂತೆ ಮಾಡಿದರೆ ಮಾರ್ಚ್ 15 ಎಂಬುದಕ್ಕೆ ಅರ್ಥ ಬರುತ್ತದೆ. ಇದಕ್ಕೆ ಹೊಸ ಆಯೋಗ ಬೇಡ, ವಿದೇಶದ ತಜ್ಞರೂ ಬೇಡ. ಒಂದು ಇಡೀ ವರ್ಷ ಬಾಗಿಲು ಇಳಿಸದೆ ತೆರೆದಿಟ್ಟು, ಕಾಯಲು ಹೇಗೆ ಚೇತರಿಸುತ್ತದೆಂದು ನೋಡಬೇಕೆಂಬ ಬೇಡಿಕೆಯೂ ಬಹಳ ವರ್ಷಗಳಿಂದ ಇದೆ. ಒಂದು ಬೆಳೆ ಕಳೆದುಕೊಳ್ಳುವ ರೈತನಿಗೆ ಪರಿಹಾರವನ್ನು ಮುಂಗಡವಾಗಿಯೇ ಕೊಡುವುದಾದರೆ ಅದು ಆಗದ ಮಾತಲ್ಲ. ಆಮೇಲೆ ಕೊಡುತ್ತೇವೆಂದರೆ ಭತ್ತದ ಬಾಕಿಯನ್ನು ಕಂಡ ರೈತ ನಂಬಲಾರ. ಬಾಗಿಲು ಮುಚ್ಚಿದ ತಿಂಗಳುಗಳಲ್ಲಿ ದುಡಿಮೆ ಕಳೆದುಕೊಳ್ಳುವ ಮೀನುಗಾರ, ಮರುವಾಯಿ ಬಾಚುವ ಕುಟುಂಬಗಳ ಲೆಕ್ಕವೂ ಇದರೊಂದಿಗೇ ಆಗಬೇಕು. ಕಡಲ ಮೀನುಗಾರಿಕೆಗೆ ಮಳೆಗಾಲದ ಟ್ರಾಲಿಂಗ್ ನಿಷೇಧವಿರುವಾಗ ಉಚಿತ ಪಡಿತರದ ಏರ್ಪಾಟು ಇದೆ. ಕಾಯಲಿನವರಿಗೆ ಬಾಗಿಲು ಇಳಿಸಿದ ದಿನದಿಂದಲೇ ಅಂಥದ್ದೊಂದು ಏಕೆ ಇರಬಾರದೆಂದು ಕೇಳಲು ಆಲಪ್ಪುಳದ ಶಾಸಕರೇ ಬೇಕೆಂದಿಲ್ಲ. ಕುಂಬಳೆ, ನೀಲೇಶ್ವರಗಳ ಅಳಿವೆಯಲ್ಲಿ ಬಲೆ ಬೀಸುವವರನ್ನು ಬಲ್ಲ ನಮ್ಮ ಶಾಸಕರೂ ಕೇಳಬಹುದು.